ಹಾಜರಿ ಯಂತ್ರಕ್ಕೊಂದು ಮದುವೆ ಮುಖ

ಎಲ್ಲಿಯಾದರೂ ಕ್ಯಾಮೆರಾ ಕಂಡರೆ ನನ್ನ ಬಲಗೈ ತಾನಾಗಿಯೇ ತಲೆಗೆ ಹೋಗುತ್ತದೆ. ಎಡಗಿವಿಯ ಮೇಲಿರುವ ಹದಿನೈದಿಪ್ಪತ್ತು ಕೂದಲನ್ನು ಎತ್ತಿ, ನಡುವಿನ ಬಯಲನ್ನು ದಾಟಿಸಿ, ಬಲಗಿವಿಯ ಹತ್ತಿರ ಇಳಿಸುತ್ತದೆ. ಆಮೇಲೆ ಕಾಲರು ನೆಟ್ಟಗಾಗುತ್ತದೆ, ಗದ್ದ ಮೇಲೇಳುತ್ತದೆ, ತುಟಿಯ ಮೇಲೆ ಸಣ್ಣದೊಂದು ನಗು ಬಂದು ಕೂರುತ್ತದೆ. ಇದಿಷ್ಟೂ ನನ್ನನ್ನು ಒಂದು ಮಾತೂ ಕೇಳದೆ ನಡೆಯುವ ಕೆಲಸ. ಮೊನ್ನೆ ಹುಕ್ಕೇರಿಯ ಔಷಧಿ ಅಂಗಡಿಯಲ್ಲಿ ಗಲ್ಲಾಪೆಟ್ಟಿಗೆಯ ಮೇಲೊಂದು ಕ್ಯಾಮೆರಾ ಇತ್ತು. ನಾನು ಹಾಗೆಯೇ ನಗುತ್ತಾ ನಿಂತೆ. ‘ಏನ ಬೇಕ್ರಿ?’ ಎಂದರು ಅಂಗಡಿಯವರು. ‘ಜುಲಾಬ ನಿಲ್ಲೂ ಗುಳಿಗಿ ಕೊಡ್ರಿ’ ಎಂದೆ, ನಗು ಇಳಿಸದೆ. ಅವರು ನನ್ನನ್ನು ಮೇಲಿಂದ ಕೆಳಗಿನವರೆಗೆ ನೋಡಿದರು. ಹೊರಗೆ ಬಂದ ಮೇಲೆ ನನ್ನ ಹೆಂಡತಿ, ‘ಹೊಟ್ಟಿ ಕೆಟ್ಟ ಮನಶ್ಯಾ ಹಿಂಗ ನಗತಾನೇನ್ರಿ? ಅವರು ಏನ ತಿಳಕೊಂಡಾರು?’ ಎಂದು ಬಸ್ ಸ್ಟ್ಯಾಂಡಿನವರೆಗೂ ಬೈದಳು.

ಈ ಚಟ ನನಗೆ ಅಂಟಿದ್ದು ಕಂಪನಿಯಿಂದ. ಆದರೆ ಪೂರ್ತಿ ತಪ್ಪನ್ನು ಕಂಪನಿಯ ಮೇಲೆ ಹಾಕಿದರೆ ನಮ್ಮ ಅಪ್ಪನಿಗೆ ಅನ್ಯಾಯವಾಗುತ್ತದೆ. ಅದಕ್ಕಾಗಿ ಸ್ವಲ್ಪ ಹಿಂದೆ, ಗೋಕಾಕಿಗೆ ಹೋಗಿ ಬರೋಣ.

ನಾವು ಮೂಲತಃ ಕಲ್ಲೋಳಿಯವರು. ನಾನು ಚಿಕ್ಕವನಿದ್ದಾಗ ಫೋಟೊ ತೆಗೆಸಿಕೊಳ್ಳುವುದೆಂದರೆ ಮನೆ ಮಂದಿಯೆಲ್ಲ ಬಸ್ಸು ಹತ್ತಿ ಗೋಕಾಕಿಗೆ ಹೋಗುವ ಕೆಲಸ. ಅದಕ್ಕೆ ಎರಡು ದಿನ ಮೊದಲೇ ತಯಾರಿ ನಡೆಯುತ್ತಿತ್ತು. ಅವ್ವ ಪೆಟ್ಟಿಗೆಯಿಂದ ಮದುವೆಯ ಇಳಕಲ್ ಸೀರೆ ತೆಗೆಯುತ್ತಿದ್ದಳು. ಅಪ್ಪ ಸೋದರಮಾವನ ಕೈಗಡಿಯಾರವನ್ನು ಒಂದು ದಿನದ ಮಟ್ಟಿಗೆ ಕೇಳಿ ತರುತ್ತಿದ್ದ. ಅದು ನಡೆಯುತ್ತಿರಲಿಲ್ಲ, ಆದರೆ ಫೋಟೊದಲ್ಲಿ ಯಾವ ಗಡಿಯಾರವೂ ನಡೆಯುವುದಿಲ್ಲವಲ್ಲ! ಸ್ಟುಡಿಯೊದಲ್ಲಿ ಗೂಟಕ್ಕೆ ಒಂದು ಕರಿಯ ಕೋಟು ತೂಗುಹಾಕಿರುತ್ತಿದ್ದರು. ಯಾರೇ ಗಂಡಸು ಬಂದರೂ ಅದನ್ನೇ ತೊಡಿಸಿ, ದೊಡ್ಡದಾದರೆ ಬೆನ್ನ ಹಿಂದೆ ಪಿನ್ನು ಚುಚ್ಚಿ, ಸಣ್ಣದಾದರೆ ಬೆನ್ನ ಹೊಲಿಗೆ ಬಿಚ್ಚಿ ನಿಲ್ಲಿಸುತ್ತಿದ್ದರು. ಈಗಲೂ ಕಲ್ಲೋಳಿಯ ಯಾರದಾದರೂ ಮನೆಗೆ ಹೋಗಿ ಗೋಡೆ ನೋಡಿ. ತೀರಿಹೋದ ಅಜ್ಜಂದಿರೆಲ್ಲ ಒಂದೇ ಕೋಟಿನಲ್ಲಿ ಕೂತಿದ್ದಾರೆ.

ಹಿಂದಿನ ಪರದೆಯ ಮೇಲೆ ಗೋಕಾಕ ಜಲಪಾತದ ಚಿತ್ರ ಬರೆದಿತ್ತು. ಅಸಲಿ ಜಲಪಾತ ಅಲ್ಲಿಂದ ಎರಡು ಹರದಾರಿಯೂ ಇರಲಿಲ್ಲ. ‘ಅಪ್ಪಾ, ಖರೆ ಫಾಲ್ಸ್ ಮುಂದ ನಿಂತ ತಗಸೂಣಲ್ಲ?’ ಎಂದು ನಾನು ಕೇಳಿದ್ದೆ. ‘ಅಲ್ಲಿ ನಿಂತ್ರ ಅರಿವಿ ತೊಯ್ತಾವ. ಇದರಾಗ ನೀರೂ ಬರತೈತಿ, ಅರಿವೀನೂ ಒಣಗಿರ್ತಾವ’ ಎಂದ ಅಪ್ಪ. ಫೋಟೊ ಎಂದರೆ ನಾವು ಇದ್ದ ಹಾಗೆ ಬರುವುದಲ್ಲ, ಇರಬೇಕಾಗಿದ್ದ ಹಾಗೆ ಬರುವುದು ಎಂಬ ಪಾಠ ಅವತ್ತು ನನ್ನ ತಲೆಗೆ ಹೋಯಿತು. ಆಗ ತಲೆಯ ಮೇಲೆ ಕೂದಲೂ ದಟ್ಟವಾಗಿತ್ತು.

ಇನ್ನು ಕಂಪನಿಗೆ ಬರೋಣ. ಅದು ಹತ್ತರಗಿಯ ಹತ್ತಿರ, ಹೆದ್ದಾರಿಯ ಬಾಜೂಕ್ಕೆ ಇದೆ. ಹೊಲಕ್ಕೆ ಹನಿ ನೀರು ಬಿಡುವ ಪೈಪು ಮಾಡುತ್ತೇವೆ. ‘ಮಾಡುತ್ತೇವೆ’ ಎಂದದ್ದು ಬಾಯಿ ಮಾತಿಗೆ. ಮಾಡುವವರು ಒಳಗಿನ ಐವತ್ತು ಅರವತ್ತು ಜನ. ನಾನು ಕ್ಲಾರ್ಕ್, ಅವರು ಮಾಡಿದರೆಂದು ಬರೆಯುತ್ತೇನೆ. ಅಲ್ಲಿ ದಿನಾ ಬೆಳಿಗ್ಗೆ ಹಾಜರಿ ಕೂಗುತ್ತಿದ್ದವರು ಮಾರುತಿ ಕಾಕಾ. ಧೋತರ, ಬಿಳಿ ಅಂಗಿ, ತಲೆಯ ಮೇಲೆ ಟೋಪಿ, ಕಂಕುಳಲ್ಲಿ ಹಾಜರಿ ಪುಸ್ತಕ. ಕಂಪನಿ ಶುರುವಾದ ದಿನದಿಂದಲೂ ಅವರದು ಅದೇ ಕೆಲಸ, ಅದೇ ಜಾಗ, ಬೇವಿನ ಗಿಡದ ಕೆಳಗೆ.

ಕಾಕಾ ಹಾಜರಿ ಕೂಗುವುದೆಂದರೆ ಬರೀ ಹೆಸರು ಓದುವುದಾಗಿರಲಿಲ್ಲ.

‘ಲಗಮಣ್ಣ! ಅವ್ವನ ಕೆಮ್ಮ ಹೆಂಗೈತೋ?’

‘ಕಡಿಮಿ ಆಗೇತ್ರಿ ಕಾಕಾ.’

‘ಸತ್ಯವ್ವ! ಎಮ್ಮಿ ಈತೇನ?’

‘ನಿನ್ನೆ ಈತ್ರಿ. ಹೆಣ್ಗರಾ ಹಾಕೇತಿ.’

‘ಮತ್ತ ಬರಿಗೈಲೆ ಬಂದಿ? ಗಿಣ್ಣಾ ಎಲ್ಲೈತಿ?’

ಮರುದಿನ ಇಡೀ ಕಂಪನಿಗೆ ಗಿಣ್ಣ ಬರುತ್ತಿತ್ತು. ತಡವಾಗಿ ಬಂದವರು ಎಲ್ಲರ ಮುಂದೆ ನಿಂತು ಕಾರಣ ಹೇಳಬೇಕಿತ್ತು, ಅದು ಕಾಕಾ ಮಾಡಿದ ಕಾಯಿದೆ. ಒಮ್ಮೆ ಸಿದ್ದಪ್ಪ ಎಂಬುವನು, ‘ಎತ್ತು ಹಗ್ಗ ಹರಕೊಂಡ ಓಡಿತ್ರಿ, ಹುಡುಕಾಕ ಹೋಗಿದ್ನಿ’ ಎಂದ. ಕಾಕಾ ಪುಸ್ತಕದಿಂದ ತಲೆ ಎತ್ತದೆ, ‘ಆ ಎತ್ತು ಹೋದ ತಿಂಗಳ ಮಾರಿದ್ಯಲ್ಲೋ. ಈಗ ಕೊಂಡವರು ಹುಡುಕಬೇಕು’ ಎಂದರು. ಅಂದಿನಿಂದ ಸಿದ್ದಪ್ಪ ಹೊತ್ತಿಗೆ ಮೊದಲೇ ಬರತೊಡಗಿದ.

ನಮ್ಮ ಸಾವುಕಾರರಿಗೆ ಮೊಳಕಾಲು ನೋವು ಬಂದು ಮನೆ ಹಿಡಿದ ಮೇಲೆ ಪುಣೆಯಲ್ಲಿ ಓದಿ, ಅಲ್ಲೇ ನೌಕರಿ ಮಾಡುತ್ತಿದ್ದ ಅವರ ಮಗಳು ಬಂದು ಕಂಪನಿ ನೋಡಿಕೊಳ್ಳತೊಡಗಿದರು. ನಾವೆಲ್ಲ ಅವರಿಗೆ ಅಕ್ಕಾವರು ಅನ್ನುತ್ತೇವೆ. ಅಕ್ಕಾವರು ಮೊದಲ ವಾರ ದಿನಾ ಬೆಳಿಗ್ಗೆಯೇ ಬಂದರು. ಬೇವಿನ ಗಿಡದ ಹತ್ತಿರ ನಿಂತು, ಹಾಜರಿ ಕೂಗುವುದನ್ನು ನೋಡುತ್ತಾ, ಆಗಾಗ ಕೈಗಡಿಯಾರ ನೋಡುತ್ತಿದ್ದರು. ಅದು ನಡೆಯುವ ಗಡಿಯಾರ. ವಾರ ಕಳೆದ ಮೇಲೆ ನನ್ನನ್ನು ಕರೆದು, ‘ಬಾಳಪ್ಪನವರ, ಒಂದ ಎಮ್ಮಿ ಸಲುವಾಗಿ ದಿನಾ ಅರ್ಧಾ ತಾಸ ನಾಕ ಮಶೀನ್ ಬಂದ್ ನಿಲ್ಲತಾವು. ಇದು ಕಂಪನೀನೋ, ಕಟ್ಟೀನೋ?’ ಎಂದರು. ಅವರು ಹೇಳಿದ್ದು ಖರೆ ಇತ್ತು.

ಹಾಗೆ ಬಂತು ಮುಖ ನೋಡಿ ಹಾಜರಿ ಹಾಕುವ ಯಂತ್ರ. ಅಕ್ಕಾವರು ಎಲ್ಲರ ಎದುರಿಗೇ ಹೇಳಿದರು: ‘ಒಂದ ತಿಂಗಳ ಎರಡೂ ನಡೀಲಿ. ಮಶೀನ್ ಚಲೋ ನಡೀತು ಅಂದ್ರ ಕೂಗೂದು ಬಂದ್ ಮಾಡೂಣು. ಕಾಕಾ ಹಿಂದಿನ ಗೇಟ್ ನೋಡ್ಕೋತಾರ. ಪಗಾರ ಇದ್ದಷ್ಟ ಇರತೈತಿ.’

ಹಿಂದಿನ ಗೇಟಿನ ಬಗ್ಗೆ ನಿಮಗೆ ಹೇಳಬೇಕು. ವಾರಕ್ಕೊಮ್ಮೆ ಚೂರುಪಾರು ಪ್ಲಾಸ್ಟಿಕ್ ಒಯ್ಯುವ ಟ್ರಕ್ ಬಂದಾಗ ಅದು ತೆರೆಯುತ್ತದೆ. ಉಳಿದ ದಿನ ಅಲ್ಲಿ ಒಂದು ಕುರ್ಚಿ, ಅದರಾಚೆ ಕಬ್ಬು, ಮತ್ತೆ ಕಬ್ಬು. ಅವತ್ತು ಮಧ್ಯಾಹ್ನ ಕಾಕಾ ಬುತ್ತಿ ಬಿಚ್ಚಲಿಲ್ಲ. ‘ಬಾಳಪ್ಪ, ಅಲ್ಲಿ ನಾ ಯಾರ ಹೆಸರ ಕರೀಲೋ? ಕಬ್ಬಿಂದೇನ?’ ಎಂದರು. ಪಗಾರ ಕಡಿಮೆಯಾಗುವುದಿಲ್ಲ ಎಂದು ನಾನು ಸಮಾಧಾನ ಹೇಳಿದೆ. ಅವರು ನನ್ನನ್ನು ನೋಡಿದ ರೀತಿಗೆ ನಾನು ತಲೆ ತಗ್ಗಿಸಿ ರೊಟ್ಟಿ ಮುರಿದೆ.

ಯಂತ್ರಕ್ಕೆ ಎಲ್ಲರ ಮುಖ ತುಂಬಿಸಲು ಬೆಳಗಾವಿಯಿಂದ ಒಬ್ಬರು ಬರುವವರಿದ್ದರು. ಅಕ್ಕಾವರು ಹಿಂದಿನ ದಿನ ನನಗೆ, ‘ಮಂದಿಗೆ ದಿನಾ ಬರೂ ಹಂಗ ಬರಾಕ ಹೇಳ್ರಿ’ ಎಂದರು. ಸ್ಪಷ್ಟವಾಗಿ ಹೇಳಿದರು, ನನಗೆ ಸ್ಪಷ್ಟವಾಗಿ ಕೇಳಿಸಿತು. ಆದರೆ ಗೋಕಾಕಿನ ಸ್ಟುಡಿಯೊದಲ್ಲಿ ಕಲಿತ ವಿದ್ಯೆ ಸುಮ್ಮನಿರಬೇಕಲ್ಲ! ಫೋಟೊ ತೆಗೆಯುತ್ತಾರೆ, ಅದು ಕಂಪನಿಯಲ್ಲಿ ಕಾಯಂ ಆಗಿ ಇರುತ್ತದೆ, ದಿನಾ ಬರುವ ಹಾಗೆ ಬಂದರೆ ಹೇಗೆ? ಅಕ್ಕಾವರಿಗೆ ಇನ್ನೂ ಗೊತ್ತಾಗುವುದಿಲ್ಲ ಎಂದುಕೊಂಡು ನಾನೇ ಕಾಕಾನ ಹತ್ತಿರ ಹೋಗಿ, ‘ನಾಳೆ ಫೋಟೊ ಐತಿ, ಎಲ್ಲಾರೂ ಚಲೋತ್ನಂಗ ಸಿಂಗಾರ ಆಗಿ ಬರಬೇಕಂತ ಹಾಜರಿಯೊಳಗ ಸಾರ್ರಿ’ ಎಂದೆ. ಕಾಕಾ ಸಾರಿದರು.

ಮರುದಿನ ಗೇಟಿನ ಮುಂದೆ ದಿಬ್ಬಣವೇ ಇಳಿದಿತ್ತು. ಲಗಮಣ್ಣ ಮೀಸೆಗೆ ಕರೀ ಬಣ್ಣ ಹೊಡೆದು, ಹುಬ್ಬಿನವರೆಗೆ ಗುಲಾಬಿ ಪಟಕಾ ಸುತ್ತಿ, ಬೀಗರ ಮನೆಗೆ ಹೊರಟವನ ಗತ್ತಿನಲ್ಲಿ ಬಂದಿದ್ದ. ಸತ್ಯವ್ವ ಮುಖಕ್ಕೆ ಎರಡು ಸುತ್ತು ಪೌಡರು ಬಳಿದು ದೊಡ್ಡ ಮೂಗುಬೊಟ್ಟು ಇಟ್ಟಿದ್ದಳು. ಸಿದ್ದಪ್ಪ ಮೂಡಲಗಿಯಲ್ಲಿರುವ ತನ್ನ ಭಾವನ ಬಂಗಾರದ ಬಣ್ಣದ ಚಷ್ಮಾ ಹಾಕಿಕೊಂಡು ಬಂದಿದ್ದ. ಅದರಲ್ಲಿ ಅವನಿಗೆ ಏನೂ ಕಾಣುತ್ತಿರಲಿಲ್ಲ. ಗೇಟು ಬಿಟ್ಟು ಗೋಡೆಯ ಕಡೆ ನಡೆದ. ನಾನಂತೂ ಕೂದಲಿಗೆ ಎಣ್ಣೆ ಹಚ್ಚಿ, ಎಡದಿಂದ ಬಲಕ್ಕೆ ಸಾಗಿಸಿ, ಅಲ್ಲಾಡದಂತೆ ಕೂರಿಸಿಕೊಂಡಿದ್ದೆ. ಬೆಳಗಾವಿಯವರು ಗಾಬರಿಯಾಗಿ, ‘ಇವತ್ತ ಇಲ್ಲಿ ಯಾರ ಮದವಿ ಐತ್ರಿ?’ ಎಂದು ಕೇಳಿದರು. ದಿನಾ ಬರುವ ಹಾಗೆ ಬಂದವರು ಕಾಕಾ ಒಬ್ಬರೇ. ‘ನೀವ್ಯಾಕ ಹಿಂಗ ಬಂದ್ರಿ?’ ಎಂದರೆ, ‘ಅದಕ್ಕ ನನ್ನ ಮಾರಿ ಬೇಕಾಗಿದ್ರ ಹಿಂಗ ತಗೋಲಿ. ಅದರ ಮುಂದ ನಾ ಯಾಕ ಸಿಂಗಾರ ಆಗ್ಲಿ?’ ಎಂದರು. ಅಕ್ಕಾವರು ಅವತ್ತು ಊರಲ್ಲಿರಲಿಲ್ಲ.

ಅದರ ಮರುದಿನ ಎಲ್ಲರೂ ತಮ್ಮ ತಮ್ಮ ಅಸಲಿ ಮುಖ ಹೊತ್ತು ಬಂದರು. ಯಂತ್ರದೊಳಗಿನ ಹೆಂಗಸು ಒಬ್ಬೊಬ್ಬರಿಗೂ ಇಂಗ್ಲಿಷಿನಲ್ಲಿ ‘ಟ್ರೈ ಅಗೇನ್’ ಎಂದಳು. ಲಗಮಣ್ಣನಿಗೆ ಪಟಕಾ ಇರಲಿಲ್ಲ, ಬೇಡ ಎಂದಳು. ಸಿದ್ದಪ್ಪನಿಗೆ ಚಷ್ಮಾ ಇರಲಿಲ್ಲ, ಬೇಡ ಎಂದಳು. ನಾನು ಮೋಟರ್‌ಸೈಕಲ್ ಮೇಲೆ ಹೆದ್ದಾರಿಯ ಗಾಳಿಗೆ ಬಂದಿದ್ದೆ, ನನ್ನ ಕೂದಲೆಲ್ಲ ಎಡಗಿವಿಯ ಕೆಳಗೆ ಜೋತಾಡುತ್ತಿದ್ದವು. ನನ್ನನ್ನೂ ಬೇಡ ಎಂದಳು. ‘ಎಷ್ಟ ಸೊಕ್ಕ ಐತಿ ಈಕಿಗೆ! ಯಾವ ಊರಾಕಿ?’ ಎಂದಳು ಸತ್ಯವ್ವ. ಆ ಗದ್ದಲದಲ್ಲಿ ಕಾಕಾ ಬಂದು ಮುಖ ತೋರಿಸಿದರು. ಯಂತ್ರ ಹಸಿರು ದೀಪ ಹಚ್ಚಿ ಅವರಿಗೆ ಧನ್ಯವಾದ ಹೇಳಿತು.

ಅಲ್ಲಿಗೆ ಕಾಕಾನ ಕೇಡುಗಾಲ ಬಂತು. ಅಕ್ಕಾವರು ಎಲ್ಲರನ್ನೂ ಬೇವಿನ ಗಿಡದ ಕೆಳಗೆ ನಿಲ್ಲಿಸಿ, ‘ಸಿಂಗಾರ ಆಗಿ ಬರ್ರೆಂತ ಯಾರ ಹೇಳಿದ್ರು?’ ಎಂದರು. ಕಾಕಾ ಸಾರಿದ್ದನ್ನು ಕೇಳಿದವರು ಐವತ್ತು ಜನ. ‘ಕಾಕಾ ಹೇಳಿದ್ರರಿ’ ಎಂದರು. ಅಕ್ಕಾವರು ಕಾಕಾನ ಕಡೆ ತಿರುಗಿದರು. ‘ಮಂದಿಗೆಲ್ಲಾ ಸಿಂಗಾರ ಆಗಿ ಬರ್ರಿ ಅಂದು ನೀವೊಬ್ಬರ ದಿನಾ ಬರೂ ಹಂಗ ಬಂದೀರಿ. ಮಶೀನ್ ಕೆಡಲಿ ಅಂತನ ಮಾಡಿದ್ರೇನು? ಹಿಂಗ ಹೇಳಂತ ನಿಮಗ ಯಾರರ ಹೇಳಿದ್ರೇನು?’

ನಾನು ಕಾಕಾನ ಪಕ್ಕದಲ್ಲೇ ನಿಂತಿದ್ದೆ. ಬಾಯಿ ತೆರೆಯಬೇಕು ಎಂದುಕೊಂಡೆ. ಬಲಗೈ ತಲೆಗೆ ಹೋಗಿ ಕೂದಲು ಸರಿಮಾಡಿತು. ಕಾಕಾ ಒಮ್ಮೆ ನನ್ನ ಕಡೆ ನೋಡಿದರು. ‘ಯಾರೂ ಹೇಳಿಲ್ಲರಿ. ನಾನ ಹೇಳೇನಿ’ ಎಂದರು. ಒಂದು ತಿಂಗಳು ಎರಡೂ ನಡೆಯಲಿ ಎಂಬ ಮಾತು ಅಲ್ಲಿಗೇ ಮುಗಿಯಿತು. ಅವರು ಹಾಜರಿ ಪುಸ್ತಕವನ್ನು ನನ್ನ ಕೈಗೆ ಕೊಟ್ಟು, ಧೋತರದ ಚುಂಗು ಎತ್ತಿಕೊಂಡು ಹಿಂದಿನ ಗೇಟಿಗೆ ಹೋದರು.

ಇನ್ನು ಮುಂದಿನದು ನಗುವ ಭಾಗ. ಬೆಳಗಾವಿಯವರು ಮತ್ತೆ ಬರಲು ತಿಂಗಳ ಮೇಲಾಗುತ್ತದೆ ಎಂದರು. ಅಲ್ಲಿಯವರೆಗೆ ಯಂತ್ರಕ್ಕೆ ಯಾವ ಮುಖ ಕೊಟ್ಟಿದ್ದೇವೋ ಅದನ್ನೇ ಹೊತ್ತು ಬರಬೇಕೆಂದು ಆರ್ಡರ್ ಆಯಿತು. ಹಾಗಾಗಿ ದಿನಾ ಪಟಕಾ, ದಿನಾ ಪೌಡರು. ಗೇಟಿಗೆ ಒಂದು ಕನ್ನಡಿ ಬಂತು. ಅದರ ಕೆಳಗೆ ಪೌಡರ್ ಡಬ್ಬಿ ಬಂತು, ಯಾರೂ ಒಯ್ಯಬಾರದೆಂದು ದಾರ ಕಟ್ಟಿದ ಬಾಚಣಿಗೆ ಬಂತು. ಸಿದ್ದಪ್ಪನ ಭಾವನಿಗೆ ಮೂಡಲಗಿಯಲ್ಲಿ ಕಣ್ಣಿಲ್ಲ, ಸಿದ್ದಪ್ಪನಿಗೆ ಹತ್ತರಗಿಯಲ್ಲಿ ಕಣ್ಣಿಲ್ಲ. ಯಂತ್ರ ದಾಟುವವರೆಗೆ ಅವನು ಲಗಮಣ್ಣನ ಹೆಗಲ ಮೇಲೆ ಕೈಯಿಟ್ಟು ನಡೆಯುತ್ತಿದ್ದ.

ಆದರೆ ವಿಚಿತ್ರ ನೋಡಿ. ಇಸ್ತ್ರಿ ಮಾಡಿದ ಅಂಗಿ ತೊಟ್ಟವನನ್ನು ‘ಲೇ’ ಅನ್ನಲು ಯಾರಿಗೂ ಬಾಯಿ ಬರಲಿಲ್ಲ. ‘ಏನ್ಲೇ ಸಿದ್ಯಾ’ ಎನ್ನುತ್ತಿದ್ದವರು ‘ಏನ್ರಿ ಸಿದ್ದಪ್ಪನವರ’ ಎನ್ನತೊಡಗಿದರು. ಅಂಗಿಗೆ ಕಲೆಯಾಗುತ್ತದೆಂದು ತಂಬಾಕು ಉಗುಳುವುದು ನಿಂತಿತು. ಚಲೋ ಸೀರೆ ಉಟ್ಟ ಹೆಣ್ಣುಮಕ್ಕಳು ಪೈಪಿನ ಸುರುಳಿ ಹೊರುವುದಿಲ್ಲ ಎಂದರು. ಹೊರುವುದಕ್ಕೆ ನಾಲ್ಕು ತಳ್ಳುಗಾಡಿ ಬಂದವು. ಪೈಪು ಕೊಳ್ಳಲು ಬಂದವರು, ‘ನಿಮ್ಮ ಕಂಪನಿ ಒಳಗ ಎಷ್ಟ ಶಿಸ್ತ ಐತ್ರಿ!’ ಎಂದು ಹೊಗಳಿದರು. ಬೆಳಗಾವಿಯವರನ್ನು ಮತ್ತೆ ಕರೆಸುವ ಮಾತನ್ನೇ ಅಕ್ಕಾವರು ಬಿಟ್ಟುಬಿಟ್ಟರು. ಅಷ್ಟೇ ಅಲ್ಲ, ಬೆಳಗಾವಿಯಲ್ಲಿ ಸಣ್ಣ ಕಾರಖಾನೆಗಳ ಮಾಲಕರೆಲ್ಲ ಸೇರುವ ಸಭೆಯಲ್ಲಿ ಮಾತಾಡಲು ಅವರಿಗೆ ಕರೆ ಬಂತು. ಭಾಷಣ ಬರೆಯುವ ಕೆಲಸ ನನ್ನ ಪಾಲಿಗೆ ಬಂತು. ‘ಹೊಸ ತಂತ್ರಜ್ಞಾನವು ಕೇವಲ ಕೆಲಸದ ರೀತಿಯನ್ನಲ್ಲ, ಕಾರ್ಮಿಕರ ಮನೋಭಾವವನ್ನೇ ಬದಲಿಸುತ್ತದೆ ಎಂಬುದಕ್ಕೆ ನಮ್ಮ ಸಂಸ್ಥೆಯೇ ಸಾಕ್ಷಿ’ ಎಂದು ಬರೆದೆ. ಚಪ್ಪಾಳೆ ಬಹಳ ಬಿತ್ತಂತೆ.

ಆ ದಿನಗಳಲ್ಲಿ ನಾನು ಹಿಂದಿನ ಗೇಟಿನ ಕಡೆ ಹೋಗಲೇ ಇಲ್ಲ. ಬಿಸಿಲು ಬಹಳ ಎಂದುಕೊಂಡೆ, ಕೆಲಸ ಬಹಳ ಎಂದುಕೊಂಡೆ. ಒಮ್ಮೆ ಗೋದಾಮಿನ ಲೆಕ್ಕ ನೋಡಲು ಆ ಕಡೆ ಹೋಗಬೇಕಾಯಿತು. ಕಾಕಾನ ಬೆನ್ನು ಕಂಡ ಕೂಡಲೇ ಇಡೀ ಗೋದಾಮು ಸುತ್ತಿಕೊಂಡು ವಾಪಸ್ಸು ಬಂದೆ. ನಾಚಿಕೆಯಾಗುತ್ತಿತ್ತು, ಆದರೂ ಹೇಳುತ್ತಿರಲಿಲ್ಲ. ಹೆಂಡತಿ ಕೂಡ ‘ಯಾಕ ಊಟಾ ಸೇರವಲ್ದು?’ ಎಂದು ಕೇಳಿ ಕೇಳಿ ಸುಮ್ಮನಾದಳು.

ಒಂದು ಸೋಮವಾರ ಲಗಮಣ್ಣ ಕೆಲಸಕ್ಕೆ ಬಂದ. ಅವನು ಹನ್ನೊಂದು ದಿನ ರಜೆಯ ಮೇಲಿದ್ದ. ಈಗ ರಜೆಯನ್ನೂ ಫೋನಿನಲ್ಲೇ ಒತ್ತಿ ಕೇಳಬೇಕು. ಕಾರಣಕ್ಕೆ ಮೂರು ಗುಂಡಿ ಇವೆ: ಅನಾರೋಗ್ಯ, ಹಬ್ಬ, ಇತರೆ. ಲಗಮಣ್ಣ ‘ಇತರೆ’ ಒತ್ತಿದ್ದ. ಅವನ ಊರಿನವರು ನಮ್ಮಲ್ಲಿ ಬೇರೆ ಯಾರೂ ಇಲ್ಲ. ನಾನೇ ಅದನ್ನು ಕಾಗದದ ಮೇಲೆ ಪ್ರಿಂಟ್ ತೆಗೆದು ಫೈಲಿಗೆ ಹಾಕಿದ್ದೆ, ಏನೆಂದು ಕೇಳಿರಲಿಲ್ಲ. ಈಗ ನೋಡಿದರೆ ತಲೆಗೆ ಟವೆಲ್ ಸುತ್ತಿಕೊಂಡು ಬಂದಿದ್ದ, ಮೀಸೆ ಇರಲಿಲ್ಲ. ಯಂತ್ರದ ಹೆಂಗಸು ‘ಟ್ರೈ ಅಗೇನ್’ ಎಂದಳು. ಸಾಲಿನಲ್ಲಿದ್ದವರೆಲ್ಲ ನಕ್ಕರು. ಎಲ್ಲರಿಗಿಂತ ಜೋರಾಗಿ ನಾನು, ‘ಏನ್ ಲಗಮಣ್ಣನವರ, ಬಣ್ಣಾ ಹಚ್ಚಿ ಹಚ್ಚಿ ಸಾಕಾಗಿ ಮೀಸೀನ ಯಾರಿಗರ ಕೊಟ್ಟ ಬಂದ್ರೇನು?’ ಎಂದೆ. ಮತ್ತೆ ನಗು. ಲಗಮಣ್ಣ ಇನ್ನೊಮ್ಮೆ ನೋಡೋಣ ಎಂಬಂತೆ ಟವೆಲ್ ಬಿಚ್ಚಿ ಯಂತ್ರದ ಮುಂದೆ ನಿಂತ. ತಲೆ ನುಣ್ಣಗೆ ಬೋಳಿಸಿತ್ತು.

‘ಅವ್ವ ಹೋದಳ್ರಿ’ ಎಂದ.

ಯಂತ್ರ ಇನ್ನೆರಡು ಸಲ ‘ಟ್ರೈ ಅಗೇನ್’ ಎಂದಿತು. ಅವನ ಅವ್ವನ ಕೆಮ್ಮು ಯಾವಾಗ ಹೆಚ್ಚಾಯಿತೋ, ಯಾವ ದವಾಖಾನೆಗೆ ಒಯ್ದರೋ, ಯಾವಾಗ ಹೋದಳೋ ನಮಗೆ ಯಾರಿಗೂ ಗೊತ್ತಿರಲಿಲ್ಲ. ಮಣ್ಣು ಕೊಡಲು ನಮ್ಮವರು ಒಬ್ಬರೂ ಹೋಗಿರಲಿಲ್ಲ. ಹಿಂದೆ ಆಗಿದ್ದರೆ ಎರಡನೇ ದಿನ ಹೆಸರು ಕರೆದು ಓ ಅನ್ನದಿದ್ದಾಗಲೇ ಕಾಕಾ ಪುಸ್ತಕ ಮುಚ್ಚಿ, ‘ಯಾಕ ಬಂದಿಲ್ಲ ನೋಡ್ಕೊಂಡ ಬರ್ರಿ’ ಎಂದು ಯಾರನ್ನಾದರೂ ಕಳಿಸುತ್ತಿದ್ದರು. ನಾನು ಆಡಿದ ಮಾತು ನೆನೆದು ನನಗೆ ಅಲ್ಲೇ ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು.

ಅಲ್ಲಿಂದ ಸೀದಾ ಅಕ್ಕಾವರ ಕೋಣೆಗೆ ಹೋದೆ. ಕೂರಲಿಲ್ಲ. ‘ಅಕ್ಕಾವ್ರ, ಸಿಂಗಾರ ಆಗಿ ಬರಾಕ ಸಾರ್ರಿ ಅಂತ ಕಾಕಾಗ ನಾ ಹೇಳಿದ್ನಿ. ನೀವ ಹೇಳಿದ್ದ ಬ್ಯಾರೆ, ನಾ ಹೇಳಿದ್ದ ಬ್ಯಾರೆ. ಕಾಕಾಂದು ಏನೂ ತಪ್ಪಿಲ್ಲ’ ಎಂದು ಒಂದೇ ಉಸಿರಿಗೆ ಹೇಳಿ ಮುಗಿಸಿದೆ.

ಅವರು ಕೈಯಲ್ಲಿದ್ದ ಪೆನ್ನು ಕೆಳಗಿಟ್ಟರು. ಆಮೇಲೆ, ‘ಮತ್ತ ಆ ಭಾಷಣ? ಕಾರ್ಮಿಕರ ಮನೋಭಾವ ಬದಲಾತು ಅಂತ ಬರದಿದ್ರಲ್ಲರಿ?’ ಎಂದರು.

‘ಅದನ್ನೂ ನಾನ ಬರದ್ನಿರಿ.’

‘ಬಾಳಪ್ಪನವರ, ನಾ ಅದನ್ನ ಮೈಕಿನ್ಯಾಗ ಓದಿ ಬಂದೇನ್ರಿ!’

ಇನ್ನು ನನ್ನನ್ನೇ ಹಿಂದಿನ ಗೇಟಿಗೆ ಕಳಿಸುತ್ತಾರೆ ಎಂದುಕೊಂಡೆ. ಅಷ್ಟರಲ್ಲಿ ಸತ್ಯವ್ವ ಬಾಗಿಲಿಗೆ ಬಂದು ಲಗಮಣ್ಣನ ಸುದ್ದಿ ಹೇಳಿದಳು. ‘ಹನ್ನೊಂದ ದಿನ ನಮಗ್ಯಾರಿಗೂ ಗೊತ್ತಾಗಲಿಲ್ಲೇನು?’ ಎಂದು ಅಕ್ಕಾವರು ನನ್ನನ್ನು ಕೇಳಿದರು. ನಾನು ‘ಇತರೆ’ ಎಂದಿದ್ದ ಕಾಗದದ ವಿಷಯ ಹೇಳಿದೆ. ಅವರು ಎದ್ದು, ಬಿಸಿಲಲ್ಲಿ ಒಬ್ಬರೇ ಹಿಂದಿನ ಗೇಟಿನ ಕಡೆ ನಡೆದರು. ನಾನು ಹತ್ತು ಹೆಜ್ಜೆ ಹಿಂದೆ ಹೋದೆ.

‘ಕಾಕಾ, ಬಾಳಪ್ಪನವರು ಎಲ್ಲಾ ಹೇಳಿದ್ರು. ನನ್ನ ತಪ್ಪಾತು’ ಎಂದರು ಅಕ್ಕಾವರು. ‘ನಾಳಿಂದ ಮುಂದ ಬರ್ರಿ. ಬೆಳಗಾವಿಯವರನ್ನ ಕರಸಿ ಎಲ್ಲಾರ ಖರೆ ಮಾರಿ ತುಂಬಸ್ತೀನಿ. ವ್ಯಾಳ್ಯಾ ಮಶೀನ್ ಬರೀಲಿ, ಮಂದಿನ್ನ ನೀವ ಕರೀರಿ. ಆದ್ರ ಹತ್ತ ನಿಮಿಷದಾಗ ಮುಗಸ್ರಿ.’

ಕಾಕಾ ಟೋಪಿ ತೆಗೆದು ತಲೆ ಒರೆಸಿಕೊಂಡರು. ‘ಎಮ್ಮಿ ಈದ ದಿನಾ ಹನ್ನೆರಡ ಆಗಬಹುದರಿ’ ಎಂದರು.

‘ಆತು’ ಎಂದರು ಅಕ್ಕಾವರು.

ಮರುದಿನ ಬೆಳಿಗ್ಗೆ ಕಾಕಾ ಬೇವಿನ ಗಿಡದ ಕೆಳಗೆ ನಿಂತು ಮೊದಲು ಕರೆದದ್ದು ಲಗಮಣ್ಣನನ್ನು. ಅವನು ‘ಹಾಜರರಿ’ ಎಂದ. ಕಾಕಾ ಪುಸ್ತಕದಿಂದ ಕಣ್ಣೆತ್ತಿ, ‘ನಿಮ್ಮ ಅವ್ವ ಹೋದಾಗ ನಾವ್ಯಾರೂ ಬರಲಿಲ್ಲ. ಸಂಜಿಕ ಎಲ್ಲಾರೂ ಬರತೇವಿ’ ಎಂದರು. ಮುಂದಿನ ಹೆಸರು ಕರೆದರು.

ಸಂಜೆ ಕಂಪನಿಯ ಟ್ರಕ್ಕಿನಲ್ಲಿ ಹೊರಟೆವು. ಲಗಮಣ್ಣನ ಊರು ಹುಕ್ಕೇರಿ ದಾಟಿ ಬಹಳ ಒಳಗಿದೆ. ಪಟಕಾ, ಪೌಡರು ಯಾವುದೂ ಇಲ್ಲದೆ ಎಲ್ಲರೂ ಮೊದಲಿನ ಹಾಗೇ ಇದ್ದರು. ಅಕ್ಕಾವರು ಡ್ರೈವರನ ಬಾಜೂಕ್ಕೆ ಕೂತಿದ್ದರು. ಹಿಂದೆ, ಪೈಪಿನ ಸುರುಳಿಗಳ ನಡುವೆ, ನನಗೆ ಕಾಕಾನ ಪಕ್ಕದಲ್ಲೇ ಜಾಗ ಸಿಕ್ಕಿತು. ತಡೆಯಲಾರದೆ ಕೇಳಿದೆ: ‘ಕಾಕಾ, ಅವತ್ತ ನನ್ನ ಹೆಸರ ಯಾಕ ಹೇಳಲಿಲ್ರಿ?’

ಕಾಕಾ ರಸ್ತೆಯನ್ನೇ ನೋಡುತ್ತಾ, ‘ನಿನ್ನ ಮಾರಿ ನೋಡಿದ್ನಿ. ಬೆಳ್ಳಗ ಆಗಿತ್ತು’ ಎಂದರು. ‘ನಾ ಹೆಂಗೂ ಹೋಗಾವನ ಇದ್ನಿ. ಹಿಂದಿನ ಗೇಟಿನ್ಯಾಗ ಇರೂದ ಒಂದ ಕುರ್ಚಿ. ಇಬ್ಬರೂ ಯಾಕ ಹೋಗೂದು?’

ನನಗೆ ಅಳು ಬಂತು. ಇಷ್ಟು ಜನರ ನಡುವೆ ಮುಚ್ಚಿಕೊಳ್ಳಲೂ ಆಗಲಿಲ್ಲ, ಮೂಗು ಒರೆಸಿಕೊಳ್ಳಲು ಅರಿವೆಯೂ ಇರಲಿಲ್ಲ. ಟ್ರಕ್ ಒಂದು ತಗ್ಗಿನಲ್ಲಿ ಕುಣಿದು ಮುಂದೆ ಹೋಯಿತು. ಕಾಕಾ ಸ್ವಲ್ಪ ಹೊತ್ತು ನೋಡಿ, ನನ್ನ ಮೊಳಕೈ ತಿವಿದರು.

‘ಅಳೂದ ಆಮ್ಯಾಲ ಅಳು. ಮೊದಲ ಒಂಚೂರ ಸರಿ, ನನ್ನ ಧೋತರದ ಮ್ಯಾಲ ಕುಂತಿ.’

ನಾನು ಸರಿದು ಕುಳಿತೆ.